ಗಾಯ ಮುಂಗೈಯಲ್ಲಿ, ಹೆಸರು ಬೆರಳಿನದು

ಕೋಡಿಂಗ್ ಕೆಲಸ ಎಂದರೆ ಸಾಕು, ನನ್ನನ್ನು ಎಲ್ಲರೂ ಸಾಫ್ಟ್‌ವೇರ್‌ನವಳೆಂದೇ ತಿಳಿದರು. ನಾದಿನಿಯ ಗಂಡ ಹಬ್ಬಕ್ಕೆ ಬರುವಾಗಲೆಲ್ಲ ಕೆಟ್ಟುಹೋದ ಲ್ಯಾಪ್‌ಟಾಪ್ ಹೊತ್ತು ತರುತ್ತಿದ್ದರು. "ನಂಗೆ ಇದು ಬರಲ್ಲ, ನಂದು ಆಸ್ಪತ್ರೆ ಕೋಡಿಂಗು" ಎಂದರೆ, "ಇರ್ಲಿ ಅಕ್ಕಾ, ಒಂದ್ಸಲ ನೋಡಿ" ಎನ್ನುತ್ತಿದ್ದರು. ನಾನು ನಿವೃತ್ತಳಾಗುವವರೆಗೂ ಅವರಿಗೆ ನಂಬಿಕೆ ಬರಲಿಲ್ಲ.

ಈಗ ನಮ್ಮ ಅಪಾರ್ಟ್‌ಮೆಂಟಿನ ಕೆಲವು ಹುಡುಗಿಯರು ಈ ಕೆಲಸಕ್ಕೆ ತರಬೇತಿಗೆ ಸೇರಿದ್ದಾರೆ. ಸಂಜೆ ಲಿಫ್ಟಿನ ಹತ್ತಿರ ಸಿಕ್ಕಾಗ ಒಬ್ಬಳು ಕೇಳಿದಳು: "ಆಂಟಿ, ಡಾಕ್ಟರ್ ಬರ್ದಿರೋದನ್ನ ಓದಿ ನಂಬರ್ ಹಾಕೋದು ತಾನೆ? ಅದನ್ನ ಅಷ್ಟು ವರ್ಷ ಹೆಂಗೆ ಮಾಡಿದ್ರಿ, ಬೋರ್ ಆಗ್ಲಿಲ್ವಾ?"

ಅವಳು ಹೇಳಿದ್ದು ಸುಳ್ಳಲ್ಲ. ವೈದ್ಯರು ಬರೆದ ಕಾಯಿಲೆ, ಗಾಯಗಳ ವಿವರವನ್ನು ಓದಿ, ಅದಕ್ಕೆ ಗೊತ್ತುಪಡಿಸಿದ ಅಕ್ಷರ ಮತ್ತು ಅಂಕಿಗಳ ಸಂಕೇತ ಕೊಡುವುದೇ ನಮ್ಮ ಕೆಲಸ. ಆದರೆ ಅವಳಿಗೆ ಲಿಫ್ಟು ಬರುವಷ್ಟರಲ್ಲಿ ಉತ್ತರ ಹೇಳಲಾಗಲಿಲ್ಲ. ಹೇಳಬೇಕೆಂದಿದ್ದನ್ನು ಇಲ್ಲಿ ಬರೆದಿದ್ದೇನೆ. ಯಾವಾಗ ಬಡ್ತಿ ಸಿಕ್ಕಿತು, ಯಾರು ಶಾಲು ಹೊದಿಸಿದರು ಎಂಬುದನ್ನೆಲ್ಲ ಬಿಟ್ಟಿದ್ದೇನೆ. ನನ್ನ ಪಾಲಿಗೆ ಹೆಚ್ಚಾಗಿ ಬಂದದ್ದು ಕೈಗಳು, ಹಾಗಾಗಿ ಕೈಗಳ ಬಗ್ಗೆಯೇ ಬರೆಯುತ್ತೇನೆ.

ನಾನು ಬೆಳೆದದ್ದು ಬಾಗಲಗುಂಟೆಯಲ್ಲಿ. ಅಪ್ಪ ಸರ್ಕಾರಿ ಕಾರ್ಖಾನೆಯೊಂದರಲ್ಲಿ ಫಿಟ್ಟರ್. ಬಿಎಸ್ಸಿ ಮುಗಿಸಿ ಮನೆಯಲ್ಲಿ ಕೂತಿದ್ದಾಗ ಪೀಣ್ಯದ ಒಂದು ಖಾಸಗಿ ಆಸ್ಪತ್ರೆಯ ರೆಕಾರ್ಡ್ ರೂಮಿನಲ್ಲಿ ಕೆಲಸ ಸಿಕ್ಕಿತು. ಸುತ್ತಲೂ ಲೇತ್, ತಗಡನ್ನು ಒತ್ತಿ ಅಚ್ಚಿಳಿಸುವ ಪವರ್ ಪ್ರೆಸ್, ತಗಡು ಕತ್ತರಿಸುವ ಯಂತ್ರ. ಬೇರೆ ಆಸ್ಪತ್ರೆಗಳಲ್ಲಿ ಜ್ವರ, ಹೆರಿಗೆ ಜಾಸ್ತಿ ಇದ್ದರೆ ನಮ್ಮಲ್ಲಿ ಕೈ ಜಾಸ್ತಿ. ಕಾರ್ಮಿಕರು ಯಂತ್ರ ಒರೆಸುವ ಬನಿಯನ್ ಬಟ್ಟೆಯ ವೇಸ್ಟನ್ನು ಗಾಯದ ಕೈಗೆ ಸುತ್ತಿಕೊಂಡು, ಇನ್ನೊಂದು ಕೈಯಿಂದ ಅದನ್ನು ಹಿಡಿದುಕೊಂಡು ಆಟೋದಿಂದ ಇಳಿಯುತ್ತಿದ್ದರು. "ನರ ಕಟ್ಟಾಗಿದೆ ಮೇಡಂ" ಎನ್ನುತ್ತಿದ್ದರು.

ಈ 'ನರ' ಎಂಬ ಮಾತಿನ ಬಗ್ಗೆ ಹೊಸಬರಿಗೆ ಮೊದಲೇ ಹೇಳಿಬಿಡುತ್ತೇನೆ. ನಮ್ಮ ಜನಕ್ಕೆ ರಕ್ತ ಹರಿಯುವುದೂ ನರ, ನೋವು ತಿಳಿಸುವುದೂ ನರ, ಬೆರಳನ್ನು ಎಳೆಯುವ ಬಿಳಿಯ ಹುರಿಯೂ ನರ. ಡಾಕ್ಟರರು ಟೆಂಡನ್ ಎನ್ನುವುದು ಈ ಮೂರನೆಯದನ್ನು. ನಮ್ಮ ಸಂಕೇತಗಳ ಪುಸ್ತಕದಲ್ಲಿ ಮೂರಕ್ಕೂ ಬೇರೆ ಬೇರೆ ಜಾಗ. ಹೊರಗಿನ ಕೌಂಟರಿನಲ್ಲಿ ಕೂತವರು ರೋಗಿ ಹೇಳಿದ 'ನರ'ವನ್ನು ಕೇಳಿದ ಹಾಗೆ ಇಂಗ್ಲಿಷಿಗೆ ತಿರುಗಿಸಿದರೆ, ಟೆಂಡನ್ ಕತ್ತರಿಸಿದವನು ಕಾಗದದ ಮೇಲೆ ಬೇರೆಯೇ ರೋಗಿಯಾಗಿಬಿಡುತ್ತಿದ್ದ.

ಪೀಣ್ಯದಲ್ಲಿ ನನಗೆ ಮೇಲಿನವರು ಸೋಮಶೇಖರ್ ಡಾಕ್ಟರು. ಕೈಗಳ ಶಸ್ತ್ರಚಿಕಿತ್ಸೆ ಮಾಡುತ್ತಿದ್ದುದೂ ಅವರೇ, ಆಸ್ಪತ್ರೆಯ ಆಡಳಿತ ನೋಡಿಕೊಳ್ಳುತ್ತಿದ್ದುದೂ ಅವರೇ. ಮಾತು ಒರಟು, ಅಕ್ಷರ ಇನ್ನೂ ಒರಟು. ನಾನು ಸೇರಿದ ಹೊಸದರಲ್ಲಿ ರಂಗಸ್ವಾಮಿ ಎಂಬ ಕಾರ್ಮಿಕರು ರೆಕಾರ್ಡ್ ರೂಮಿನ ಕಿಟಕಿಗೆ ಬಂದು ನಿಂತರು. ಬಾಗಲಗುಂಟೆಯವರೇ, ಮುಖ ಪರಿಚಯವಿತ್ತು. ತಗಡಿನ ಅಂಚು ಬಡಿದು ಬಲ ಮುಂಗೈ ಸೀಳಿತ್ತು. ಆಪರೇಷನ್ ಆಗಿ, ಗಾಯ ಒಣಗಿ, ಕೆಲಸಕ್ಕೆ ಮರಳಬಹುದೆಂಬ ಸರ್ಟಿಫಿಕೇಟನ್ನೂ ಒಯ್ದಿದ್ದರು.

"ಮೇಡಂ, ಇದರಲ್ಲಿ ಏನು ಬರ್ದಿದೆ ಹೇಳಿ" ಎಂದು ಆ ಹಾಳೆಯನ್ನು ಕಿಟಕಿಯೊಳಗೆ ತೂರಿಸಿದರು.

"ಬಲ ಮುಂಗೈ ಗಾಯ, ವಾಸಿಯಾಗಿದೆ ಅಂತಿದೆ."

"ಅದನ್ನೇ ನೋಡಿ ನಮ್ಮ ಸೂಪರ್‌ವೈಸರ್ ಮತ್ತೆ ಪ್ರೆಸ್ಸಿಗೆ ಹಾಕವ್ರೆ. ಗಾಯ ಇಲ್ವಲ್ಲಪ್ಪಾ, ಏನು ನಾಟಕ ಅಂತಾರೆ." ಕೈ ಮುಂದೆ ಚಾಚಿ ಮುಷ್ಟಿ ಕಟ್ಟಲು ನೋಡಿದರು. ಕಿರುಬೆರಳು ಮತ್ತು ಉಂಗುರದ ಬೆರಳು ಅರ್ಧಕ್ಕೇ ನಿಂತವು. "ನಿನ್ನೆ ಪ್ಲೇಟು ಜಾರಿ ಕೆಳಗೆ ಬಿತ್ತು. ಅದರ ಹಿಂದೆನೇ ಪ್ರೆಸ್ಸು ಇಳೀತು. ಕೈ ಎಳ್ಕೊಂಡೆ. ಇನ್ನೊಂದ್ಸಲ ಎಳ್ಕೊಳ್ತೀನಿ ಅನ್ನೋ ಧೈರ್ಯ ಇಲ್ಲ ನಂಗೆ."

ನಮ್ಮಲ್ಲಿ ಆಗ ಹೊಲಿಗೆ ಎಲ್ಲಿದೆಯೋ ಆ ಜಾಗದ ಹೆಸರನ್ನಷ್ಟೇ ಬರೆಯುವ ರೂಢಿಯಿತ್ತು. ಸರ್ಟಿಫಿಕೇಟು ಟೈಪ್ ಮಾಡುವವರೂ ಅದನ್ನೇ ನಕಲು ಮಾಡುತ್ತಿದ್ದರು. ನಾನು ಹಾಳೆಯನ್ನು ಹಿಡಿದು ಡಾಕ್ಟರ ಕೋಣೆಗೆ ಹೋದೆ. ಗಾಯ ಮುಂಗೈಯಲ್ಲಿ, ಕೆಟ್ಟಿರುವುದು ಬೆರಳು, ಯಾವುದನ್ನು ನಂಬುವುದು ಎಂದು ಕೇಳಿದೆ.

"ಕೈ ಇಡ್ರೀ ಮೇಜಿನ ಮೇಲೆ" ಎಂದರು. ಅಂಗೈ ಮೇಲೆ ಮಾಡಿ ಇಟ್ಟೆ. "ಇನ್ನೊಂದು ಕೈಯಿಂದ ಮುಂಗೈ ಒತ್ತಿ ಹಿಡ್ಕೊಳ್ಳಿ. ಈಗ ಬೆರಳಾಡಿಸಿ."

ಆಡಿಸಿದೆ. ಚರ್ಮದ ಕೆಳಗೆ, ಮಣಿಕಟ್ಟಿನಿಂದ ಎಷ್ಟೋ ಮೇಲೆ, ಏನೋ ಹರಿದಾಡಿದಂತಾಯಿತು. ನನ್ನದೇ ಕೈ, ಅಷ್ಟು ವರ್ಷ ಅದರಲ್ಲಿ ಅನ್ನ ಕಲಸಿ ತಿಂದಿದ್ದೆ. ಅದರೊಳಗೆ ಹೀಗೊಂದು ಓಡಾಟವಿದೆ ಎಂದು ಗೊತ್ತಿರಲಿಲ್ಲ.

"ಬೆರಳೊಳಗೆ ಬೆರಳನ್ನ ಮಡಚೋ ಶಕ್ತಿ ಇಲ್ಲ ಕಣ್ರೀ. ಎಳೆಯೋ ಮಾಂಸಖಂಡ ಇಲ್ಲಿ ಮೊಣಕೈ ಹತ್ರ ಇದೆ. ಅಲ್ಲಿಂದ ಇಲ್ಲಿಗೆ ಟೆಂಡನ್ನು, ಸೈಕಲ್ ಬ್ರೇಕಿನ ವಯರ್ ಇದ್ದಂಗೆ. ಮಧ್ಯದಲ್ಲಿ ವಯರ್ ಕಟ್ಟಾದ್ರೆ ಚಕ್ರ ನಿಲ್ಲಲ್ಲ. ಚಕ್ರಾನೂ ಸರಿ ಇದೆ, ಹ್ಯಾಂಡಲ್ಲೂ ಸರಿ ಇದೆ, ಆದ್ರೂ ನಿಲ್ಲಲ್ಲ. ಅದಕ್ಕೆ ಎರಡೂ ಬರೀಬೇಕು. ಎಲ್ಲಿ ಕಟ್ಟಾಯ್ತು, ಯಾವ ಬೆರಳಿನ ವಯರ್ರು."

ಆಮೇಲೆ ರಂಗಸ್ವಾಮಿಯವರನ್ನು ಕೂರಿಸಿಕೊಂಡು ಒಂದೊಂದೇ ಬೆರಳನ್ನು ಪರೀಕ್ಷಿಸಿದರು. ಸರ್ಟಿಫಿಕೇಟನ್ನು ಹರಿದು, ಹೊಸದನ್ನು ತಾವೇ ಕೈಯಲ್ಲಿ ಬರೆದರು. ಬಲ ಮುಂಗೈ ಮಟ್ಟದಲ್ಲಿ ಉಂಗುರದ ಬೆರಳು ಮತ್ತು ಕಿರುಬೆರಳಿನ ಮಡಚುವ ಟೆಂಡನ್‌ಗಳಿಗೆ ಗಾಯ, ಹಿಡಿತ ಇನ್ನೂ ಬಂದಿಲ್ಲ, ಪ್ರೆಸ್ ಕೆಲಸ ಕೂಡದು ಎಂದು. ಕಾರ್ಖಾನೆಯವರು ರಂಗಸ್ವಾಮಿಯವರನ್ನು ತಯಾರಾದ ಮಾಲನ್ನು ಅಳೆದು ನೋಡುವ ಬೆಂಚಿಗೆ ಹಾಕಿದರು. ಹಿಡಿತ ಪೂರ್ತಿ ಬರಲಿಲ್ಲ, ಆದರೆ ಕೈ ಉಳಿಯಿತು. ಅಂದಿನಿಂದ ಸೋಮಶೇಖರ್ ಡಾಕ್ಟರು ಪ್ರತಿ ಕೇಸಿನಲ್ಲೂ ಬೆರಳಿನ ಹೆಸರು ಬರೆಯುವ ಅಭ್ಯಾಸ ಮಾಡಿಕೊಂಡರು. ಮರೆತರೆ ನಾನು ಹೋಗಿ ನಿಲ್ಲುತ್ತಿದ್ದೆ. "ಬಂದ್ರಪ್ಪಾ ವಯರ್ ಇನ್‌ಸ್ಪೆಕ್ಟರ್ರು" ಎಂದು ಗೊಣಗಿಕೊಂಡೇ ಬರೆದುಕೊಡುತ್ತಿದ್ದರು.

ಮದುವೆಯಾದ ಮೇಲೆ ಬೊಮ್ಮನಹಳ್ಳಿಗೆ ಬಂದೆ. ಅಲ್ಲಿಂದ ಎಲೆಕ್ಟ್ರಾನಿಕ್ ಸಿಟಿಯ ಒಂದು ಕೋಡಿಂಗ್ ಕಂಪನಿ ಹತ್ತಿರವಾಯಿತು. ಅದು ಬೇರೆಯದೇ ಲೋಕ. ರೋಗಿಗಳು ಅಮೆರಿಕದಲ್ಲಿ, ಅವರ ಕಾಗದಗಳು ನಮ್ಮ ಕಂಪ್ಯೂಟರಿನಲ್ಲಿ. ಮೊದಲು ಬಳಸುತ್ತಿದ್ದ ಅಲ್ಲಿನ ಹಳೆಯ ಪದ್ಧತಿಯಲ್ಲಿ 'ಮುಂಗೈ ಗಾಯ, ಟೆಂಡನ್ ಕೂಡ' ಎಂದರೆ ಮುಗಿಯಿತು. ಎಡವೋ ಬಲವೋ, ಯಾವ ಬೆರಳೋ ಕೇಳುವವರಿಲ್ಲ. ಹೊಸ ಪದ್ಧತಿ ಬಂದಾಗ ಒಂದೊಂದು ಗಾಯವೂ ಹತ್ತಾರಾಗಿ ಒಡೆಯಿತು. ಎಡ, ಬಲ. ಮಡಚುವ ಟೆಂಡನ್, ಚಾಚುವ ಟೆಂಡನ್. ಉಳುಕಿದ್ದೋ, ಕತ್ತರಿಸಿದ್ದೋ. ಮುಂಗೈ ಮಟ್ಟದಲ್ಲೋ, ಮಣಿಕಟ್ಟಿನಿಂದ ಕೆಳಗೋ. ಯಾವ ಬೆರಳು. ಅದರ ಮೇಲೆ, ಇದು ಗಾಯಕ್ಕೆ ಚಿಕಿತ್ಸೆ ನಡೆಯುತ್ತಿರುವ ಹಂತವೋ, ವಾಸಿಯಾಗುವ ಹಂತವೋ, ವಾಸಿಯಾಗಿ ಉಳಿದ ಊನವೋ ಎಂದು ಕೊನೆಯಲ್ಲೊಂದು ಅಕ್ಷರ. ನನ್ನ ಜೊತೆಯವರು ತಲೆಯ ಮೇಲೆ ಕೈ ಹೊತ್ತು ಕೂತರು. ನನಗೆ ಮಾತ್ರ, ಸೋಮಶೇಖರ್ ಡಾಕ್ಟರು ಕೇಳುತ್ತಿದ್ದುದನ್ನೇ ಯಾರೋ ಪುಸ್ತಕ ಮಾಡಿದ್ದಾರೆ ಅನ್ನಿಸಿತು.

ನಮ್ಮ ತಂಡದ ಮೇಲಿನವನು ವಿನೋದ್. ವಯಸ್ಸಿನಲ್ಲಿ ನನಗಿಂತ ಚಿಕ್ಕವನು, ಚುರುಕು. ಎಷ್ಟು ಫೈಲು ಮುಗಿಯಿತು ಎನ್ನುವುದರ ಮೇಲೆಯೇ ಅವನ ಕಣ್ಣು. ಬೆರಳಿನ ಹೆಸರು ಇಲ್ಲದಿದ್ದರೆ ಹಾಕಲು 'ಯಾವ ಬೆರಳೆಂದು ತಿಳಿಯದು' ಎಂಬ ಒಂದು ಸಂಕೇತವಿತ್ತು. ಅದರಲ್ಲಿ ಕೊನೆಯ ಅಕ್ಷರಕ್ಕೆ ಮುಂಚೆ ಒಂಬತ್ತು ಬರುತ್ತಿತ್ತು. ವಿನೋದನಿಗೆ ಅದು ಅಚ್ಚುಮೆಚ್ಚು. "ಮೇಡಂ, ಡಾಕ್ಟರಿಗೆ ಪ್ರಶ್ನೆ ಕಳಿಸಿದ್ರೆ ಉತ್ತರ ಬರೋಕೆ ದಿನಗಟ್ಲೆ ಆಗುತ್ತೆ. ಒಂಬತ್ತು ಹಾಕಿ, ಮುಂದಕ್ಕೆ ಹೋಗಿ" ಎನ್ನುತ್ತಿದ್ದ.

ಒಂದು ದಿನ ಬಂದ ಕಾಗದದಲ್ಲಿ ಬೆರಳಿನ ವಿಷಯ ಬರೆದೇ ಇತ್ತು. 'ಎಡಗೈಯ ಮೂರನೆಯ ಬೆರಳು' ಎಂದು. ನಮ್ಮವರೆಲ್ಲ ಮೂರನೆಯದು ಎಂದರೆ ನಡುಬೆರಳು ಎಂದು ಹಾಕಿ ಮುಗಿಸಿದ್ದರು. ನಾವು ಎಣಿಸುವುದೇ ಹಾಗೆ, ಹೆಬ್ಬೆರಳಿನಿಂದ ಶುರುಮಾಡಿ. ಆದರೆ ಇಂಗ್ಲಿಷಿನವರಲ್ಲಿ ಹೆಬ್ಬೆರಳಿಗೆ ಬೇರೆಯೇ ಹೆಸರು. ಎಷ್ಟೋ ಜನ ಅದನ್ನು ಬೆರಳಿನ ಲೆಕ್ಕಕ್ಕೇ ಸೇರಿಸುವುದಿಲ್ಲ. ಹಾಗೆ ಎಣಿಸಿದರೆ ಮೂರನೆಯದು ಉಂಗುರದ ಬೆರಳಾಗುತ್ತದೆ. ನಾನು ಫೈಲನ್ನು ತಡೆದೆ.

ವಿನೋದ್ ನನ್ನ ಮೇಜಿಗೇ ಬಂದ. "ಮೇಡಂ, ಕೈಯಲ್ಲಿ ಮೂರನೇ ಬೆರಳು ಯಾವ್ದು? ನನ್ನ ಮಗಳಿಗೂ ಗೊತ್ತು."

"ನಿಮ್ಮ ಮಗಳು ಕನ್ನಡದಲ್ಲಿ ಎಣಿಸ್ತಾಳೆ ವಿನೋದ್. ಈ ಡಾಕ್ಟರ್ ಯಾವುದ್ರಲ್ಲಿ ಎಣಿಸಿದಾರೋ ನಂಗೊತ್ತಿಲ್ಲ."

"ಎಲ್ಲಾ ಡಾಕ್ಟರಿಗೂ ನಡುಬೆರಳೇ ಮೂರನೇದು."

"ಹಂಗಾದ್ರೆ ಒಂದು ಸಾಲು ಕೇಳೋಣ, ಉತ್ತರ ಬರ್ಲಿ."

ಅವನಿಗೆ ಸಿಟ್ಟು ಬಂತು, ಆದರೆ ತಡೆಯಲಿಲ್ಲ. ಪ್ರಶ್ನೆ ಕಳಿಸಿದೆವು. ಉತ್ತರ ಬಂದಾಗ ವಿನೋದನೇ ಅದನ್ನು ತೆರೆದ. ಉಂಗುರದ ಬೆರಳು, ಮದುವೆಯ ಉಂಗುರವನ್ನು ಕತ್ತರಿಸಿ ತೆಗೆಯಬೇಕಾಯಿತು, ಆ ಮನುಷ್ಯ ಗಾಯಕ್ಕಿಂತ ಅದಕ್ಕೇ ಹೆಚ್ಚು ಅತ್ತ ಎಂದು ಆ ವೈದ್ಯೆ ಬರೆದಿದ್ದಳು. ಕೇಳದಿದ್ದರೂ ಯಾಕೆ ಅಷ್ಟು ಬರೆದಳೋ. ವಿನೋದ್ ಅದನ್ನು ಎರಡು ಸಲ ಓದಿದ. ತನ್ನ ಎಡಗೈಯನ್ನು ತಿರುಗಿಸಿ ನೋಡಿಕೊಂಡ. ಅವನ ಬೆರಳಲ್ಲೂ ಉಂಗುರವಿತ್ತು.

"ನಾನು ಇದುವರೆಗೂ ಇವರನ್ನ ಫೈಲು ಅಂತಾನೇ ಅಂದ್ಕೊಂಡಿದ್ದೆ ಮೇಡಂ" ಎಂದ.

ನನಗೂ ಅದೇ ಅನ್ನಿಸಿತ್ತು. ಪೀಣ್ಯದಲ್ಲಿ ಕಿಟಕಿಗೆ ಬಂದು ನಿಲ್ಲುವವರು ಇದ್ದರು. ಇಲ್ಲಿ ಯಾರೂ ಬರುವುದಿಲ್ಲ. ಯಾವ ಬೆರಳು ನೆಟ್ಟಗಾಯಿತು, ಯಾವುದು ಆಗಲಿಲ್ಲ ಎಂದು ತಿಳಿಯುವ ದಾರಿಯಿಲ್ಲ. ಹೊಸದಾಗಿ ಸೇರುವವರಿಗೆ ಈ ಕೆಲಸದಲ್ಲಿ ಅತಿ ಕಷ್ಟದ್ದು ಇದೇ ಎಂದು ನನಗೆ ಕಾಣುತ್ತದೆ. ಅಂಗರಚನೆ ಆರು ತಿಂಗಳಲ್ಲಿ ಬಂದುಬಿಡುತ್ತದೆ. ಎದುರಿಗೆ ಇಲ್ಲದವರ ಬಗ್ಗೆ ದಿನವೂ ಎಚ್ಚರವಾಗಿರುವುದು ಬರಲು ತುಂಬಾ ಕಾಲ ಬೇಕು. ಕೆಲವರಿಗೆ ಬರುವುದೇ ಇಲ್ಲ. ಆ ವಾರ ವಿನೋದ್ ಗೋಡೆಗೊಂದು ಕೈಯ ಚಿತ್ರ ಅಂಟಿಸಿದ. ಬೆರಳುಗಳಿಗೆ ಅಂಕಿ ಹಾಕದೆ ಹೆಸರುಗಳನ್ನೇ ಬರೆದಿದ್ದ.

ಕೊನೆಯ ಕೆಲವು ವರ್ಷ ನಾನು ವೈಟ್‌ಫೀಲ್ಡ್ ಕಡೆಯ ದೊಡ್ಡ ಆಸ್ಪತ್ರೆಯೊಂದರಲ್ಲಿದ್ದೆ. ಅಷ್ಟರಲ್ಲಿ ವರ್ತೂರಿನಲ್ಲಿ ಫ್ಲ್ಯಾಟ್ ತೆಗೆದುಕೊಂಡು ಅಲ್ಲಿಗೆ ಹೋಗಿದ್ದೆವು. ಈ ಆಸ್ಪತ್ರೆಯಲ್ಲೂ ಅಮೆರಿಕದವರ ಹಾಗೆ ಬೆರಳು ಬೆರಳಿಗೂ ಸಂಕೇತ ಹಾಕುವ ಪದ್ಧತಿಯಿತ್ತು. ಆದರೆ ಹಾಕುವವರು ನಾವಲ್ಲ, ಸಾಫ್ಟ್‌ವೇರು. ಡಾಕ್ಟರು ಟೈಪ್ ಮಾಡುತ್ತಿದ್ದಂತೆ ಅದೇ ಓದಿ ಸಂಕೇತ ಸೂಚಿಸುತ್ತಿತ್ತು. ಅದಕ್ಕೆ ಅನುಮಾನ ಬಂದರೆ ಹಳದಿ, ಇಲ್ಲದಿದ್ದರೆ ಹಸಿರು. ಹಳದಿಯವನ್ನೆಲ್ಲ ನಮ್ಮ ತಂಡ ನೋಡುತ್ತಿತ್ತು, ಹಸಿರಿನಲ್ಲಿ ಆಗೊಂದು ಈಗೊಂದು ತೆಗೆದು ಪರೀಕ್ಷಿಸುವುದು ನನ್ನ ಪಾಲು. ಸಾಫ್ಟ್‌ವೇರನ್ನು ಬೈಯುವವರು ಬಹಳ ಇದ್ದಾರೆ, ನಾನು ಬೈಯಲಾರೆ. ಬರೆದಿದ್ದನ್ನು ಅದು ನನಗಿಂತ ಚೆನ್ನಾಗಿ ಓದುತ್ತಿತ್ತು.

ಹೀಗೆ ತೆಗೆದ ಒಂದು ಹಸಿರು ಫೈಲು ಹೆಂಗಸೊಬ್ಬರದು. ಊರು ವರ್ತೂರು, ಹೆಸರು ಮುನಿರತ್ನಮ್ಮ, ಕೆಲಸ ಹೂ ಕಟ್ಟಿ ಮಾರುವುದು. ಗಾಜು ತಗುಲಿ ಎಡ ಮುಂಗೈಯ ಒಳಭಾಗದಲ್ಲಿ ಗಾಯ. ತೊಳೆದು ಹೊಲಿಗೆ ಹಾಕಿದೆ, ಮುಷ್ಟಿ ಕಟ್ಟುತ್ತಾರೆ ಎಂದು ತುರ್ತು ವಿಭಾಗದ ಡಾಕ್ಟರು ಬರೆದಿದ್ದರು. ಸಾಫ್ಟ್‌ವೇರು 'ಮುಂಗೈ ಗಾಯ' ಎಂದು ಹಾಕಿತ್ತು. ಬರೆದಿದ್ದಕ್ಕೆ ಅದು ಸರಿಯೇ. ಕೆಳಗೆ ನರ್ಸ್ ಬರೆದ ಒಂದು ಸಾಲಿತ್ತು: 'ನಡುಬೆರಳಲ್ಲಿ ಬಲ ಇಲ್ಲವೆಂದು ಹೇಳುತ್ತಾರೆ.'

ನಮ್ಮ ಕೆಲಸದ ಕಟ್ಟುಪಾಡು ಇಲ್ಲಿ ಬಿಗಿಯಾಗಿದೆ. ನರ್ಸಿನ ಮಾತಿನಿಂದ ಗಾಯದ ಹೆಸರು ಬದಲಿಸುವಂತಿಲ್ಲ. 'ಟೆಂಡನ್ ಕತ್ತರಿಸಿರಬೇಕು' ಎಂದು ಡಾಕ್ಟರಿಗೆ ಸೂಚಿಸುವಂತೆಯೂ ಇಲ್ಲ, ಏಕೆಂದರೆ ರೋಗ ಕಂಡುಹಿಡಿಯುವುದು ನಮ್ಮ ಕೆಲಸವಲ್ಲ. ಬರೆಯದೆ ಬಿಟ್ಟದ್ದೇನು ಎಂದು ಕೇಳಬಹುದು, ಅಷ್ಟೇ. 'ಟೆಂಡನ್ ಸ್ಥಿತಿ ದಾಖಲಾಗಿಲ್ಲ, ತಿಳಿಸಿ' ಎಂದು ಕಳಿಸಿದೆ. ಸ್ವಲ್ಪ ಹೊತ್ತಿಗೆ ಆ ಡಾಕ್ಟರೇ ಫೋನ್ ಮಾಡಿದರು. ಓದು ಮುಗಿಸಿ ಹೆಚ್ಚು ಕಾಲವಾಗಿರದ ದನಿ.

"ಮೇಡಂ, ಮುಷ್ಟಿ ಕಟ್ಟಿದ್ರು, ನಾನೇ ನೋಡಿದೀನಿ. ಇನ್ನೇನು ಬರೀಬೇಕು?"

"ಗಾಯದೊಳಗೆ ಟೆಂಡನ್ ನೋಡಿದ್ರೆ ನೋಡಿದೆ ಅಂತ, ಇಲ್ಲಾಂದ್ರೆ ನೋಡಿಲ್ಲ ಅಂತ ಬರೀರಿ ಡಾಕ್ಟ್ರೇ. ಎರಡ್ರಲ್ಲಿ ಯಾವ್ದಾದ್ರೂ ನಂಗೆ ಸರಿ."

"ಅವತ್ತು ಬಸ್ ಆಕ್ಸಿಡೆಂಟ್ ಕೇಸ್‌ಗಳು ಒಟ್ಟಿಗೆ ಬಂದಿದ್ವು ಮೇಡಂ. ಮುಷ್ಟಿ ನೋಡಿದೆ, ಬೆರಳು ಒಂದೊಂದೇ ನೋಡ್ಲಿಲ್ಲ. ನಾನು ಶೈಲಜಾ ಮೇಡಂಗೆ ಹೇಳ್ತೀನಿ" ಎಂದರು. ಮುಚ್ಚಿಡದೆ ಹಾಗೆ ಹೇಳಿದ್ದು ದೊಡ್ಡ ಮಾತು. ಕೈಗಳ ಶಸ್ತ್ರಚಿಕಿತ್ಸಕಿ ಡಾಕ್ಟರ್ ಶೈಲಜಾ ಅಂದೇ ರೋಗಿಯನ್ನು ಮತ್ತೆ ಕರೆಸಿ ಎಂದರು. ಫೈಲಿನಲ್ಲಿದ್ದ ನಂಬರು ಯಾರೋ ನೆಂಟರದು, ಸ್ವಿಚ್ ಆಫ್. ದಿನ ಕಳೆದಂತೆ ಕತ್ತರಿಸಿದ ಟೆಂಡನ್ನಿನ ತುದಿಗಳು ಒಳಕ್ಕೆ ಸರಿದುಕೊಳ್ಳುತ್ತವೆ, ತಡವಾದರೆ ಜೋಡಿಸುವುದು ಕಷ್ಟ ಎಂದು ನನಗೆ ಗೊತ್ತಿತ್ತು.

ಆ ಸಂಜೆ ವರ್ತೂರಿನಲ್ಲಿ ಬಸ್ ಇಳಿದಾಗ, ಸ್ಟಾಪಿನ ಪಕ್ಕ ಹೂವಿನ ಬುಟ್ಟಿ ಇಟ್ಟುಕೊಂಡು ಕೂರುವ ಹೆಂಗಸನ್ನು ನೋಡಿದೆ. ನಾನು ಅವರಿಂದಲೇ ಹೂ ಕೊಳ್ಳುವುದು. ಅವರ ಹೆಸರು ಎಂದೂ ಕೇಳಿದವಳಲ್ಲ, ನನಗೆ ಅವರು 'ಹೂವಿನಮ್ಮ', ಅಷ್ಟೇ. ಎಡ ಮುಂಗೈಗೆ ಬ್ಯಾಂಡೇಜು. ದಾರದ ಒಂದು ತುದಿಯನ್ನು ಕಾಲ್ಬೆರಳಿಗೆ ಸುತ್ತಿಕೊಂಡು, ಗಂಟನ್ನು ಹಲ್ಲಿನಲ್ಲಿ ಬಿಗಿಯುತ್ತಿದ್ದರು. ಮಾಮೂಲಿನ ಅರ್ಧ ವೇಗವೂ ಇರಲಿಲ್ಲ.

ಫೈಲಿನ ಮುನಿರತ್ನಮ್ಮ ಇವರೇ ಎಂದು ಗೊತ್ತಾಗಿ ಅಲ್ಲೇ ನಿಂತೆ. ಫೈಲಿನಲ್ಲಿ ಓದಿದ್ದನ್ನು ಆಸ್ಪತ್ರೆಯ ಹೊರಗೆ ಯಾರ ಹತ್ತಿರವೂ ಆಡಬಾರದು. ರೋಗಿಯ ಹತ್ತಿರವೂ ಆಡುವ ಅಧಿಕಾರ ನನಗಿಲ್ಲ. ಅಷ್ಟು ವರ್ಷ ಹೊಸಬರಿಗೆ ನಾನೇ ಹೇಳಿಕೊಟ್ಟ ಪಾಠ ಅದು. ಇತ್ತ, ಕೇವಲ ಎರಡು ಹೆಜ್ಜೆ ಆಚೆಗೆ ಆ ಕೈ.

"ಊ ಬೇಕಾ ಅಕ್ಕ?" ಎಂದು ಅವರೇ ಕರೆದರು.

ಹೋಗಿ ಬುಟ್ಟಿಯ ಮುಂದೆ ಕುಕ್ಕರಗಾಲಿನಲ್ಲಿ ಕೂತೆ. "ಕೈಗೇನಾಯ್ತಮ್ಮಾ?" ಎಂದೆ. ಅದನ್ನು ಯಾರು ಬೇಕಾದರೂ ಕೇಳುತ್ತಿದ್ದರು.

"ಅಯ್ಯೋ, ಬಾಡ್ಗೆ ಮನೆಯೋರು ಖಾಲಿ ಮಾಡ್ಕೊಂಡೋದ್ರು ಕಣಕ್ಕ. ಒಡ್ದೋಗಿದ್ದ ಕಿಟಕಿ ಗಾಜು ತಗಿಯಾಕ್ ಓದೆ, ಸರ್ ಅಂತ ಇಳ್ದೋಯ್ತು. ಆಸ್ಪತ್ರೇಲಿ ಒಲಿಗೆ ಆಕವ್ರೆ."

"ಮತ್ತೆ ತೋರಿಸೋಕೆ ಹೋಗಿದ್ರಾ?"

"ಯಾಕೋಗಾನ? ಒಲಿಗೆ ಇಲ್ಲೇ ನಮ್ ಬೀದಿ ನರ್ಸಮ್ಮ ಬಿಚ್ತೀನಿ ಅಂದವ್ಳೆ. ನರ ವಸಿ ಎಳ್ಕೊಂಡೈತೆ. ಎಣ್ಣೆ ನೀವಿದ್ರೆ ಸರೋಯ್ತದೆ."

"ಬೆರಳು ಮಡಚೋಕಾಗುತ್ತಾ?"

ಬ್ಯಾಂಡೇಜಿನಿಂದಾಚೆಗಿದ್ದ ಬೆರಳುಗಳನ್ನು ಮಡಚಿ ತೋರಿಸಿದರು. ಎಲ್ಲವೂ ಮಡಚಿದವು. ನನ್ನ ಎದೆ ಹಗುರವಾಯಿತು. ಅಷ್ಟರಲ್ಲಿ ನಡುಬೆರಳನ್ನು ಬಲಗೈಯಿಂದ ಮುಟ್ಟಿ, "ಇದೊಂದ್ ಕಣಕ್ಕ ತಂಟೆ. ಎಲ್ಲಾರ್ ಜೊತೆಗೆ ಬಾ ಅಂದ್ರೆ ಬತ್ತದೆ. ಒಂಟಿಯಾಗ್ ಕರೆದ್ರೆ ಬರಾಕಿಲ್ಲ. ಊ ಕಟ್ಟಾಕೆ ನಂಗೆ ಇದು ಒಂಟಿಯಾಗೇ ಬೇಕು" ಎಂದರು.

ಒಂದೊಂದು ಬೆರಳಿಗೂ ಎರಡು ಮಡಚುವ ಟೆಂಡನ್‌ಗಳಿರುತ್ತವೆ. ಒಂದು ಹೋದರೂ ಇನ್ನೊಂದು ಅಕ್ಕಪಕ್ಕದ ಬೆರಳುಗಳ ಜೊತೆ ಎಳೆದುಕೊಂಡು ಬರುತ್ತದೆ. ಪುಸ್ತಕದಲ್ಲಿ ಪುಟಗಟ್ಟಲೆ ಇರುವುದನ್ನು ಅವರು ತಮ್ಮ ಬೆರಳನ್ನು ದೂರುತ್ತಾ ಹೇಳಿಬಿಟ್ಟರು.

"ಅಮ್ಮಾ, ನಾಳೆನೇ ಆಸ್ಪತ್ರೆಗೆ ಹೋಗಿ. ಈಗ ನಂಗೆ ಹೇಳಿದ್ರಲ್ಲ, ಒಂಟಿಯಾಗಿ ಕರೆದ್ರೆ ಬರಲ್ಲ ಅಂತ, ಅದನ್ನ ಅಲ್ಲಿ ಹಿಂಗೇ ಹೇಳಿ."

"ನಾಳೆಯಾ? ವರಮಾಲಕ್ಷ್ಮಿ ಅಬ್ಬ ಬಂತಲ್ಲಕ್ಕ. ಒಪ್ಕೊಂಡಿರೋ ಆರ ಎಷ್ಟವೆ ಗೊತ್ತಾ?"

"ಈ ಹಬ್ಬ ನೋಡ್ಕೊಂಡು ಕೂತ್ರೆ ಮುಂದಿನ ಹಬ್ಬಕ್ಕೆ ಆ ಬೆರಳು ನಿಮ್ಮ ಮಾತು ಕೇಳಲ್ಲಮ್ಮ."

ಅವರು ನನ್ನ ಮುಖವನ್ನೇ ನೋಡಿದರು. "ನೀನು ಡಾಕ್ಟ್ರಾ?"

"ಅಲ್ಲ."

"ಮತ್ತೆ?"

"ದಿನಾ ನಿಮ್ಮ ಹತ್ರ ಹೂ ತಗೊಳ್ಳೋಳು" ಎಂದೆ.

ಮರುದಿನ ಶೈಲಜಾ ಡಾಕ್ಟರ ಕೋಣೆಗೆ ಹೋಗಿ ನಡೆದದ್ದನ್ನು ನಡೆದ ಹಾಗೆಯೇ ಹೇಳಿದೆ. ಅವರು ಪೆನ್ನು ಕೆಳಗಿಟ್ಟರು.

"ಪೇಷಂಟ್ ಅಂತ ಗೊತ್ತಿದ್ದೇ ಮಾತಾಡ್ಸಿದ್ರಾ ಪದ್ಮಾ?"

"ಹೌದು ಮೇಡಂ."

"ಫೈಲಲ್ಲಿರೋದು ಏನಾದ್ರೂ ಬಾಯಿಬಿಟ್ರಾ?"

"ಇಲ್ಲ. ಅವರೇ ಹೇಳಿದ್ದು."

"ಸರಿ, ಅಲ್ಲಿಗೆ ನಿಲ್ಲಿಸಿ. ಇನ್ನು ಅವರ ಹತ್ರ ಕೈ ಮಾತೆತ್ತಬೇಡಿ. ಕರೆಸೋದು ನಮ್ಮ ಕೆಲಸ." ಬೈದರೋ, ಒಪ್ಪಿದರೋ ನನಗೆ ತಿಳಿಯಲಿಲ್ಲ. ನಾನು ಗೆರೆ ದಾಟಿದೆನೋ, ಗೆರೆಯ ಮೇಲೆ ನಿಂತಿದ್ದೆನೋ ಎಂಬುದು ಇವತ್ತಿಗೂ ನನಗೆ ಬಗೆಹರಿದಿಲ್ಲ. ಹೊಸಬರು ಕೇಳಿದರೆ, ಕಟ್ಟುಪಾಡು ಏನೆಂದು ಹೇಳುತ್ತೇನೆ. ನಾನು ಮಾಡಿದ್ದನ್ನು ಮಾಡಿ ಎಂದೂ ಹೇಳಲಾರೆ, ಮಾಡಬೇಡಿ ಎಂದೂ ಹೇಳಲಾರೆ.

ಆ ವಾರವಿಡೀ ನಾನು ಸ್ಟಾಪಿನಲ್ಲಿ ಇಳಿದು ತಲೆ ತಗ್ಗಿಸಿ ನಡೆದೆ. ಆಸ್ಪತ್ರೆಯಿಂದ ಫೋನ್ ಮೇಲೆ ಫೋನ್ ಹೋಗುತ್ತಲೇ ಇತ್ತು, ಕೊನೆಗೆ ಆ ನೆಂಟರು ಎತ್ತಿದರು. ಮುನಿರತ್ನಮ್ಮ ಬಂದದ್ದು ಹಬ್ಬದ ಮಾರನೆಯ ದಿನ. ಅರ್ಧ ಹಾರಗಳನ್ನು ಸೊಸೆಗೆ ವಹಿಸಿ, ಉಳಿದರ್ಧವನ್ನು ಹಲ್ಲಿನಲ್ಲೇ ಬಿಗಿದು ಮುಗಿಸಿ ಬಂದಿದ್ದರಂತೆ. ಟೆಂಡನ್ ಕತ್ತರಿಸಿದ್ದು ನಿಜವಾಗಿತ್ತು. ತುದಿಗಳು ಒಳಕ್ಕೆ ಸರಿದಿದ್ದರಿಂದ ಆಪರೇಷನ್ ಅಂದುಕೊಂಡದ್ದಕ್ಕಿಂತ ಹೊತ್ತು ಹಿಡಿಯಿತು. ಕೆಲವು ದಿನ ಮೊದಲೇ ಬಂದಿದ್ದರೆ ಇನ್ನೂ ಚೆನ್ನಾಗಿರುತ್ತಿತ್ತು, ಇನ್ನೂ ತಡವಾಗಿದ್ದರೆ ಜೋಡಿಸಲಾಗುತ್ತಿರಲಿಲ್ಲ ಎಂದು ಶೈಲಜಾ ಡಾಕ್ಟರು ಆ ಕಿರಿಯ ಡಾಕ್ಟರಿಗೆ ಹೇಳುತ್ತಿದ್ದುದನ್ನು ಕೇಳಿಸಿಕೊಂಡೆ. ಕಿರಿಯ ಡಾಕ್ಟರು ಆಪರೇಷನ್ ಪೂರ್ತಿ ಪಕ್ಕದಲ್ಲೇ ನಿಂತಿದ್ದರು.

ಫೈಲು ಮತ್ತೆ ನನ್ನ ಮುಂದೆ ಬಂದಾಗ ಎಲ್ಲವೂ ಅದರಲ್ಲಿತ್ತು. ಎಡ, ನಡುಬೆರಳು, ಮಡಚುವ ಟೆಂಡನ್, ಮುಂಗೈ ಮಟ್ಟ, ಕತ್ತರಿಸಿದ್ದು. ಸಾಫ್ಟ್‌ವೇರು ತಾನೇ ಸರಿಯಾದ ಸಂಕೇತ ತೋರಿಸಿತು, ನಾನು ಒಪ್ಪಿಗೆ ಒತ್ತಿದೆ. ಆಮೇಲೆ ಫಿಸಿಯೋಥೆರಪಿಯ ಕಾಗದಗಳು ಬರತೊಡಗಿದವು, ಕೊನೆಯ ಅಕ್ಷರ ವಾಸಿಯಾಗುವ ಹಂತದ್ದಾಯಿತು. ಅದು ಮುಗಿಯುವ ಮೊದಲೇ ನನ್ನ ನಿವೃತ್ತಿ ಬಂತು. ಪಾಸ್‌ವರ್ಡ್ ರದ್ದಾಯಿತು. ಆ ಕೈಗೆ ಮುಂದೇನಾಯಿತೆಂದು ಓದುವ ಹಕ್ಕು ನನಗಿನ್ನು ಇರಲಿಲ್ಲ.

ಹೋದ ತಿಂಗಳು ಶುಕ್ರವಾರ ಹೂ ತರಲು ಹೋದೆ. ಮುನಿರತ್ನಮ್ಮ ಎರಡೂ ಕೈಯಲ್ಲಿ ಕಟ್ಟುತ್ತಿದ್ದರು. ಮೊದಲಿನ ವೇಗ ಬಂದಿರಲಿಲ್ಲ, ಆದರೆ ದಾರ ಹಲ್ಲಿನಲ್ಲಿರಲಿಲ್ಲ. ನನಗಿಂತ ಮುಂದೆ ನಿಂತಿದ್ದ ಹೆಂಗಸು ಒಂದು ಮೊಳ ಮಲ್ಲಿಗೆ ಕೇಳಿದರು. ಮುನಿರತ್ನಮ್ಮ ದಂಡೆಯ ತುದಿಯನ್ನು ಎಡ ಮೊಣಕೈಗೆ ಒತ್ತಿ ನಡುಬೆರಳಿನವರೆಗೆ ಎಳೆದರು. ಆ ಬೆರಳು ಪೂರ್ತಿ ನೆಟ್ಟಗಾಗಲಿಲ್ಲ, ತುದಿಯಲ್ಲಿ ಒಳಕ್ಕೆ ಬಾಗಿಯೇ ಇತ್ತು.

"ಏನಮ್ಮಾ, ನಿನ್ನ ಮೊಳ ಚಿಕ್ಕದಾಗಿದೆ?" ಎಂದರು ಆ ಹೆಂಗಸು.

"ಚಿಕ್ಕದಾಗೈತೆ ಕಣವ್ವ. ಬೆರಳು ಬಗ್ಗೋಗೈತೆ. ನನ್ ಬೆರಳು ಬಗ್ಗಿದ್ರೆ ನಿಂಗ್ಯಾಕೆ ಕಮ್ಮಿ?" ಎನ್ನುತ್ತಾ ಬೆರಳ ತುದಿಯಿಂದಾಚೆಗೆ ಒಂದಿಷ್ಟು ಬಿಟ್ಟು ಕತ್ತರಿಸಿದರು. ಆಮೇಲೆ ನನ್ನ ಕಡೆ ತಿರುಗಿ, "ನಿಂಗೆಷ್ಟಕ್ಕ?" ಎಂದರು.

ಎರಡು ಮೊಳ ಎಂದೆ. ಅವರು ದಂಡೆಯನ್ನು ಮೊಣಕೈಯಿಂದ ಹಿಡಿದು, ಹೊಲಿಗೆಯ ಗೆರೆಯನ್ನು ದಾಟಿಸಿ, ಬಾಗಿದ ಬೆರಳಿನವರೆಗೆ ಎಳೆದರು. ಅಲ್ಲಿ ತಡೆದು, ಬೆರಳು ಬಾಗಿ ಕಮ್ಮಿಯಾದಷ್ಟನ್ನು ಕಣ್ಣಲ್ಲೇ ಅಳೆದು ಸೇರಿಸಿ, ಎರಡನೆಯ ಮೊಳಕ್ಕೆ ಮತ್ತೆ ಮೊಣಕೈಯಿಂದ ಶುರುಮಾಡಿದರು.